ಅಸ್ತಿತ್ವವಾದದ ಮೂಲಕೃತಿಗಳು: ಮೊದಲು ಯಾವುದನ್ನು ಕೈಗೆತ್ತಿಕೊಳ್ಳಬೇಕು?

ಮೈಸೂರಿನ ಮಾನಸಗಂಗೋತ್ರಿ, ಮಹಾರಾಜ ಕಾಲೇಜುಗಳ ಆಸುಪಾಸಿನಲ್ಲಿ ಓದುತ್ತಿರುವ ತರುಣ ತರುಣಿಯರಿಗೆ ಮನುಷ್ಯನ ಸ್ವಾತಂತ್ರ್ಯ, ಆಯ್ಕೆ, ಹೊಣೆಗಳನ್ನು ಕುರಿತ ತತ್ವಚಿಂತನೆಯಾದ ಅಸ್ತಿತ್ವವಾದದ ಬಗ್ಗೆ ಕುತೂಹಲ ಹುಟ್ಟಿದಾಗ ಅವರು ಸಾಮಾನ್ಯವಾಗಿ ಕೇಳುವುದು ಒಂದೇ ಪ್ರಶ್ನೆ: ಫ್ರೆಂಚ್ ಲೇಖಕರಾದ ಸಾರ್ತ್ರ್‌ನಿಂದ ಆರಂಭಿಸಬೇಕೋ, ಕಮೂವಿನಿಂದಲೋ, ಜರ್ಮನ್ ತತ್ವಜ್ಞಾನಿ ನೀಷೆಯಿಂದಲೋ? ಯಾವುದಾದರೊಂದು ಹೆಸರು ಹೇಳಿ ಕಳುಹಿಸುವುದು ಕಷ್ಟವಲ್ಲ. ಆದರೆ ಹಾಗೆ ಹೆಸರು ಕೇಳಿಕೊಂಡು ಹೋದವರಲ್ಲಿ ಹಲವರು ದಪ್ಪ ಗ್ರಂಥವೊಂದನ್ನು ತಂದು, ಮುನ್ನುಡಿ ಮುಗಿಯುವಷ್ಟರಲ್ಲಿ ಸೋತು, ತತ್ವಶಾಸ್ತ್ರವೇ ತಮಗೆ ಒಗ್ಗುವುದಿಲ್ಲವೆಂದು ತೀರ್ಮಾನಿಸಿಬಿಡುತ್ತಾರೆ. ಓದಲು ಮನಸ್ಸಿರುವವರು ಆಯ್ಕೆ ತಪ್ಪಿದ್ದರಿಂದ ದೂರವಾಗುವುದು ನನಗೆ ನಿಜವಾಗಿಯೂ ಬೇಸರದ ಸಂಗತಿ. ಆದ್ದರಿಂದ ಈ ಕೃತಿಗಳನ್ನು ಪರಸ್ಪರ ಹೋಲಿಸಿ, ಯಾವುದು ಯಾರಿಗೆ ಹೊಂದುತ್ತದೆ ಎಂಬುದನ್ನು ಇಲ್ಲಿ ವಿವರವಾಗಿ ಬರೆಯುತ್ತಿದ್ದೇನೆ.

ಕಾಲಾನುಕ್ರಮವನ್ನು ಹಿಡಿದು ಓದುವುದು ಇಲ್ಲಿ ಅಷ್ಟೇನೂ ಸಹಾಯಕ್ಕೆ ಬರುವುದಿಲ್ಲ. ಡ್ಯಾನಿಶ್ ತತ್ವಜ್ಞಾನಿ ಕೀರ್ಕೆಗಾರ್ಡ್‌ನ ‘ಫಿಯರ್ ಅಂಡ್ ಟ್ರೆಂಬ್ಲಿಂಗ್’ 1843ರದು, ಫ್ರೆಂಚ್ ಲೇಖಕಿ ಸಿಮೋನ್ ದ ಬೋವಾಳ ‘ದಿ ಸೆಕೆಂಡ್ ಸೆಕ್ಸ್’ 1949ರದು. ನಡುವಿನ ನೂರಕ್ಕೂ ಹೆಚ್ಚು ವರ್ಷಗಳಲ್ಲಿ ಡ್ಯಾನಿಶ್, ರಷ್ಯನ್, ಜರ್ಮನ್, ಫ್ರೆಂಚ್ ಭಾಷೆಗಳಲ್ಲಿ ಬರೆದ ಇವರಲ್ಲಿ ದೃಢ ಕ್ರೈಸ್ತರೂ ಇದ್ದಾರೆ, ದೇವರನ್ನು ಒಪ್ಪದವರೂ ಇದ್ದಾರೆ. ಕೀರ್ಕೆಗಾರ್ಡ್ ಮತ್ತು ನೀಷೆ ಅಸ್ತಿತ್ವವಾದವೆಂಬ ಹಣೆಪಟ್ಟಿ ಬಳಕೆಗೆ ಬರುವ ಮೊದಲೇ ತೀರಿಕೊಂಡರು. ಕಮೂ ತಾನು ಅಸ್ತಿತ್ವವಾದಿಯಲ್ಲವೆಂದು ಸ್ಪಷ್ಟವಾಗಿ ಹೇಳಿದ. ಜರ್ಮನ್ ತತ್ವಜ್ಞಾನಿ ಹೈಡೆಗರ್ 1947ರಲ್ಲಿ ಪ್ರಕಟವಾದ ಪತ್ರರೂಪದ ಪ್ರಬಂಧವೊಂದರಲ್ಲಿ ಸಾರ್ತ್ರ್‌ನ ವ್ಯಾಖ್ಯಾನದಿಂದ ದೂರ ಸರಿದ. ಇವರನ್ನು ಒಂದೇ ಪಂಥದ ಗುರುಪರಂಪರೆಯಂತೆ ಸಾಲಾಗಿ ನಿಲ್ಲಿಸಿ ಓದಿದರೆ ಇವರ ನಡುವಿನ ಜಗಳವೇ ಕಣ್ಣಿಗೆ ಬೀಳುವುದಿಲ್ಲ, ಓದಿನ ಸ್ವಾರಸ್ಯವೋ ಬಹುಪಾಲು ಆ ಜಗಳದಲ್ಲೇ ಇದೆ.

ನನ್ನ ಅಳತೆಗೋಲು ಬೇರೆ. ಇವರೆಲ್ಲರೂ ಒಂದಲ್ಲ ಒಂದು ರೀತಿಯಲ್ಲಿ ಹೇಳುವುದು ಮನುಷ್ಯನ ನಿರ್ಧಾರವನ್ನು ಅವನ ಪರವಾಗಿ ಇನ್ನೊಬ್ಬರು ಮಾಡಲಾರರು ಎಂಬುದನ್ನು. ಹಾಗಿದ್ದ ಮೇಲೆ ಆ ಮಾತನ್ನು ಬರೀ ಅಭಿಪ್ರಾಯವಾಗಿ ನಮ್ಮ ಕೈಗಿಡುವ ಪುಸ್ತಕಕ್ಕಿಂತ, ಓದುತ್ತಿರುವಾಗಲೇ ನಿರ್ಧಾರದ ಹೊಣೆಯನ್ನು ನಮ್ಮ ಹೆಗಲಿಗೆ ದಾಟಿಸುವ ಪುಸ್ತಕವೇ ಮೊದಲ ಓದಿಗೆ ತಕ್ಕದ್ದು. ಇದರ ಜೊತೆಗೆ ಇನ್ನೊಂದು ವ್ಯಾವಹಾರಿಕ ವಿಷಯವನ್ನೂ ಗಮನಿಸಬೇಕು. ನಮ್ಮಲ್ಲಿ ಬಹಳಷ್ಟು ಮಂದಿ ಕನ್ನಡ ಮಾಧ್ಯಮದಲ್ಲಿ ಓದಿ ಬಂದವರು, ಈ ಕೃತಿಗಳನ್ನು ಹೆಚ್ಚಾಗಿ ಇಂಗ್ಲಿಷ್ ಅನುವಾದದಲ್ಲಿಯೇ ಓದಬೇಕಾದವರು. ಅನುವಾದದ ಭಾಷೆ ಎಷ್ಟು ತೊಡಕಿನದು ಎಂಬುದೂ ಆಯ್ಕೆಯನ್ನು ನಿರ್ಧರಿಸಬೇಕು; ಅದರಲ್ಲಿ ಸಂಕೋಚಪಡುವಂಥದ್ದು ಏನೂ ಇಲ್ಲ.

ಹೆಚ್ಚಿನವರ ಮುಂದಿರುವ ಮೊದಲ ಆಯ್ಕೆ ಕಮೂವಿನ ‘ದಿ ಔಟ್‌ಸೈಡರ್’ ಮತ್ತು ಸಾರ್ತ್ರ್‌ನ ‘ಎಕ್ಸಿಸ್ಟೆನ್ಷಿಯಲಿಸಂ ಈಸ್ ಎ ಹ್ಯೂಮನಿಸಂ’ ಇವೆರಡರ ನಡುವಿನದು. ಎರಡೂ ಚಿಕ್ಕವು, ಎರಡೂ ಒಂದು ವಾರದೊಳಗೆ ಓದಿ ಮುಗಿಸಬಹುದಾದಂಥವು. 1942ರಲ್ಲಿ ಪ್ರಕಟವಾದ ಕಮೂವಿನ ಕಾದಂಬರಿಯ ವಾಕ್ಯಗಳು ಎಷ್ಟು ಗಿಡ್ಡವಾಗಿವೆಯೆಂದರೆ ನಿಘಂಟನ್ನು ಪಕ್ಕದಲ್ಲಿಟ್ಟುಕೊಂಡ ಪದವಿ ವಿದ್ಯಾರ್ಥಿಯೊಬ್ಬ ಯಾರ ಸಹಾಯವೂ ಇಲ್ಲದೆ ಅದನ್ನು ಓದಬಲ್ಲ. ಮ್ಯಾಥ್ಯೂ ವಾರ್ಡ್‌ನ 1988ರ ಅನುವಾದ ಆ ಗಿಡ್ಡತನವನ್ನು ಚೆನ್ನಾಗಿ ಉಳಿಸಿಕೊಂಡಿದೆ. ಕಥೆ ಅಲ್ಜೀರಿಯಾದ್ದು. ಮರ್ಸೋ ಎಂಬ ಗುಮಾಸ್ತ ತಾಯಿಯ ಅಂತ್ಯಕ್ರಿಯೆಗೆ ಹೋಗುತ್ತಾನೆ, ಶವದ ಬಳಿ ರಾತ್ರಿ ಕೂತು ಹಾಲು ಬೆರೆಸಿದ ಕಾಫಿ ಕುಡಿಯುತ್ತಾನೆ, ಸಿಗರೇಟು ಸೇದುತ್ತಾನೆ, ಅಳುವುದಿಲ್ಲ. ಮುಂದೆ ಸಮುದ್ರತೀರದಲ್ಲಿ ಅವನು ಒಬ್ಬ ಅರಬನನ್ನು ಗುಂಡಿಟ್ಟು ಕೊಂದಾಗ ನ್ಯಾಯಾಲಯ ಕೊಲೆಗಿಂತ ಹೆಚ್ಚಾಗಿ ವಿಚಾರಣೆ ಮಾಡುವುದು ಆ ಕಾಫಿ ಮತ್ತು ಆ ಸಿಗರೇಟನ್ನು. ಸಾವಿನ ಮನೆಯಲ್ಲಿ ಯಾರು ಅತ್ತರು, ಯಾರು ಅಳಲಿಲ್ಲ ಎಂದು ಹನ್ನೊಂದನೆಯ ದಿನದವರೆಗೂ ನೆಂಟರು ಲೆಕ್ಕವಿಡುವ ನಮ್ಮ ಊರುಗಳವರಿಗೆ ಆ ನ್ಯಾಯಾಲಯ ಸ್ವಲ್ಪವೂ ಅಪರಿಚಿತವೆನಿಸದು. ಸತ್ತ ಅರಬನಿಗೆ ಕಾದಂಬರಿಯುದ್ದಕ್ಕೂ ಒಂದು ಹೆಸರೂ ಇಲ್ಲ ಎಂಬುದನ್ನು ಓದುಗರು ಗುರುತಿಸಿಕೊಳ್ಳಬೇಕು. ವಸಾಹತು ನಾಡಿನಲ್ಲಿ ಯಾರ ಅಸ್ತಿತ್ವ ಯಾರಿಗೆ ಕಾಣುತ್ತದೆ ಎಂಬ ಪ್ರಶ್ನೆಯನ್ನು ಕಮೂ ಎತ್ತಲಿಲ್ಲ. 2013ರಲ್ಲಿ ಅಲ್ಜೀರಿಯಾದ ಕಮೆಲ್ ದಾವುದ್ ಆ ಹೆಸರಿಲ್ಲದವನ ತಮ್ಮನ ಬಾಯಿಂದ ಕಥೆ ಹೇಳಿಸುವ ಕಾದಂಬರಿ ಬರೆದು ಅದನ್ನು ಎತ್ತಿದ.

ಸಾರ್ತ್ರ್‌ನ ಕೃತಿ ಮೂಲತಃ 1945ರ ಅಕ್ಟೋಬರ್ 29ರಂದು ಪ್ಯಾರಿಸ್ಸಿನಲ್ಲಿ ತುಂಬಿದ ಸಭೆಯ ಮುಂದೆ ಮಾಡಿದ ಭಾಷಣ. ಅದರಲ್ಲಿ ಒಂದು ಉದಾಹರಣೆ ಬರುತ್ತದೆ. ಯುದ್ಧಕಾಲದಲ್ಲಿ ಅವನ ವಿದ್ಯಾರ್ಥಿಯೊಬ್ಬ ಸಲಹೆ ಕೇಳಲು ಬರುತ್ತಾನೆ. ಅಣ್ಣ 1940ರ ಜರ್ಮನ್ ದಾಳಿಯಲ್ಲಿ ಸತ್ತಿದ್ದಾನೆ, ತಂದೆ ಶತ್ರುಗಳೊಡನೆ ಕೈಜೋಡಿಸುವವನಂತೆ ಕಾಣುತ್ತಿದ್ದಾನೆ, ತಾಯಿಗೆ ಇವನೊಬ್ಬನೇ ಆಸರೆ. ಇಂಗ್ಲೆಂಡಿಗೆ ಹೋಗಿ ಸ್ವತಂತ್ರ ಫ್ರೆಂಚ್ ಪಡೆಗೆ ಸೇರಬೇಕೆ, ತಾಯಿಯ ಬಳಿ ಉಳಿಯಬೇಕೆ? ಯಾವ ನೀತಿಸೂತ್ರವೂ ಇದಕ್ಕೆ ಉತ್ತರ ಕೊಡದು ಎಂದು ಸಾರ್ತ್ರ್ ಒಂದೊಂದನ್ನೇ ತೆಗೆದು ತೋರಿಸುತ್ತಾನೆ. ಸಲಹೆ ಕೇಳಲು ಯಾರ ಬಳಿ ಹೋಗಬೇಕೆಂದು ಆರಿಸಿಕೊಳ್ಳುವಾಗಲೇ ಯಾವ ಸಲಹೆ ಬೇಕೆಂಬುದನ್ನೂ ನಾವು ಆರಿಸಿಕೊಂಡಿರುತ್ತೇವೆ ಎಂಬ ಅವನ ಮಾತು ಆ ಭಾಷಣದ ಅತ್ಯಂತ ಹರಿತವಾದ ಮಾತು. ಕೊನೆಗೆ ಅವನು ಆ ಹುಡುಗನಿಗೆ ಹೇಳುವುದು ನೀನು ಸ್ವತಂತ್ರ, ಆರಿಸಿಕೋ ಎಂದಷ್ಟೆ. ಊರಿನಲ್ಲಿ ಒಬ್ಬಂಟಿಯಾಗಿರುವ ತಾಯಿಯನ್ನೂ ಬೆಂಗಳೂರಿನಲ್ಲಿ ಸಿಕ್ಕ ಕೆಲಸವನ್ನೂ ಎದುರಿಗಿಟ್ಟುಕೊಂಡು ತೊಳಲಾಡುವ ಮಂಡ್ಯದ ಹುಡುಗನಿಗೆ ಈ ಪುಟಗಳು ಎಷ್ಟು ಹತ್ತಿರವೆನಿಸುತ್ತವೆ ಎಂಬುದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಆದರೂ ಇವೆರಡರಲ್ಲಿ ಮೊದಲು ಕಾದಂಬರಿಯನ್ನು ಓದಿ ಎಂದೇ ನಾನು ಹೇಳುತ್ತೇನೆ. ಭಾಷಣ ಟೀಕಾಕಾರರಿಗೆ ಉತ್ತರವಾಗಿ ಹುಟ್ಟಿದ್ದು. ಅದರಲ್ಲಿ ವಾದವನ್ನು ಗೆಲ್ಲುವ ಆತುರವಿದೆ. ‘ಅಸ್ತಿತ್ವ ಮೊದಲು, ಸಾರ ಆಮೇಲೆ’ ಎಂಬ ಸೂತ್ರವನ್ನು ಕಾಗದ ಕತ್ತರಿಸುವ ಚಾಕುವಿನ ಉದಾಹರಣೆಯಿಂದ ಅವನು ಸರಳವಾಗಿ ವಿವರಿಸುತ್ತಾನೆ: ಚಾಕು ಏತಕ್ಕೆ ಎಂಬುದು ಅದನ್ನು ಮಾಡುವ ಮೊದಲೇ ನಿಶ್ಚಯವಾಗಿರುತ್ತದೆ, ಮನುಷ್ಯನಾದರೋ ಮೊದಲು ಇರುತ್ತಾನೆ, ತಾನೇನು ಎಂಬುದನ್ನು ಆಮೇಲೆ ತಾನೇ ಮಾಡಿಕೊಳ್ಳುತ್ತಾನೆ. ನನ್ನನ್ನು ಆರಿಸಿಕೊಳ್ಳುವಾಗ ಇಡೀ ಮನುಷ್ಯಕುಲಕ್ಕಾಗಿ ಆರಿಸುತ್ತೇನೆ ಎಂಬ ಮುಂದಿನ ಹೆಜ್ಜೆಗೆ ಮಾತ್ರ ಅವನು ಕೊಡುವ ಸಮರ್ಥನೆ ತೀರ ತೆಳುವಾದದ್ದು. ಭಾಷಣವನ್ನು ಅಚ್ಚು ಹಾಕಿಸಿದ್ದಕ್ಕೆ ಮುಂದೆ ಸಾರ್ತ್ರ್ ತಾನೇ ವಿಷಾದಿಸಿದ. ಪರೀಕ್ಷೆಗೆ ಟಿಪ್ಪಣಿ ಬೇಕಾದವರಿಗೆ ಭಾಷಣ ಅನುಕೂಲಕರ. ಪ್ರಶ್ನೆ ಮನಸ್ಸಿನೊಳಗೆ ಇಳಿಯಬೇಕಾದವರಿಗೆ ಮರ್ಸೋ ಬೇಕು.

ಭಾಷಣ ಎಲ್ಲಿ ತೆಳುವಾಗುತ್ತದೆಯೋ ಅಲ್ಲಿಂದ ಮುಂದಕ್ಕೆ ಒಯ್ಯುವ ಪುಸ್ತಕ ಬೋವಾಳದು. 1947ರ ‘ದಿ ಎಥಿಕ್ಸ್ ಆಫ್ ಆಂಬಿಗ್ಯುಯಿಟಿ’ ಇನ್ನೂರು ಪುಟಕ್ಕೂ ಕಡಿಮೆ ಇರುವ, ನಮ್ಮಲ್ಲಿ ಯಾರೂ ಅಷ್ಟಾಗಿ ಕೈಗೆತ್ತಿಕೊಳ್ಳದ ಕೃತಿ. ತತ್ವಶಾಸ್ತ್ರದ ಬರಹವೆಂದೇ ಒಂದನ್ನು ಓದಬೇಕೆನ್ನುವವರಿಗೆ ನಾನು ಮೊದಲು ಸೂಚಿಸುವುದು ಇದನ್ನೇ. ನಾನು ಸ್ವತಂತ್ರನಾದರೆ ಇನ್ನೊಬ್ಬರ ಸ್ವಾತಂತ್ರ್ಯದ ಬಗ್ಗೆ ನಾನೇಕೆ ತಲೆಕೆಡಿಸಿಕೊಳ್ಳಬೇಕು ಎಂಬ ಪ್ರಶ್ನೆಯನ್ನು ಸಾರ್ತ್ರ್‌ಗಿಂತ ಹೆಚ್ಚು ತಾಳ್ಮೆಯಿಂದ ಅವಳು ಬಿಡಿಸುತ್ತಾಳೆ. ಎರಡನೆಯ ಭಾಗ ಬಾಲ್ಯದಿಂದ ಶುರುವಾಗುತ್ತದೆ: ಮಗುವಿಗೆ ಮೌಲ್ಯಗಳು ಮರ, ಗೋಡೆಗಳಷ್ಟೇ ಸಿದ್ಧವಾಗಿ, ದೊಡ್ಡವರು ಇಟ್ಟಂತೆ ಇರುತ್ತವೆ; ಬೆಳೆಯುತ್ತ ಅವು ಮನುಷ್ಯರೇ ಮಾಡಿದವು ಎಂದು ಗೊತ್ತಾಗುತ್ತದೆ; ಆ ಅರಿವಿನಿಂದ ತಪ್ಪಿಸಿಕೊಳ್ಳಲು ಜನ ನಾನಾ ದಾರಿ ಹಿಡಿಯುತ್ತಾರೆ. ಅವಳು ‘ಗಂಭೀರ ಮನುಷ್ಯ’ ಎಂದು ಕರೆಯುವವನು ಯಾವುದೋ ಒಂದು ಧ್ಯೇಯವನ್ನೋ ಸಂಸ್ಥೆಯನ್ನೋ ಪದವಿಯನ್ನೋ ಪ್ರಶ್ನಾತೀತವಾಗಿ ಎತ್ತರದಲ್ಲಿಟ್ಟು ಅದರ ನೆರಳಿನಲ್ಲಿ ತನ್ನ ಸ್ವಾತಂತ್ರ್ಯವನ್ನು ಅಡಗಿಸಿಡುತ್ತಾನೆ. ಅದಕ್ಕಾಗಿ ಎದುರಿಗಿರುವ ಜೀವಂತ ಮನುಷ್ಯರನ್ನು ಬಲಿಕೊಡಲೂ ಹಿಂಜರಿಯುವುದಿಲ್ಲ. ಈ ವರ್ಣನೆಯನ್ನು ಓದುವಾಗ ಮನೆಯಲ್ಲಿ, ಕಚೇರಿಯಲ್ಲಿ, ಪಕ್ಷದಲ್ಲಿ ಕಂಡ ಮುಖಗಳು ತಾವಾಗಿಯೇ ನೆನಪಿಗೆ ಬರುತ್ತವೆ, ಸ್ವಲ್ಪ ಹೊತ್ತಿನ ಮೇಲೆ ನಮ್ಮ ಮುಖವೂ.

ಅವಳ ‘ದಿ ಸೆಕೆಂಡ್ ಸೆಕ್ಸ್’ ಇನ್ನೂ ದೊಡ್ಡ ಸಾಧನೆ, ಗಾತ್ರದಲ್ಲಿಯೂ ದೊಡ್ಡದು. ಹೆಣ್ಣು ಹುಟ್ಟುವುದಿಲ್ಲ, ಆಗುತ್ತಾಳೆ ಎಂಬ ಅದರ ಪ್ರಸಿದ್ಧ ಮಾತನ್ನು ಕೇಳಿದವರು ಸಾವಿರ, ಆ ಮಾತು ಬರುವ ಎರಡನೆಯ ಸಂಪುಟವನ್ನು ಓದಿದವರು ಕಡಿಮೆ. ಅನುವಾದದ ಆಯ್ಕೆ ಬಹಳ ಮುಖ್ಯವಾಗುವುದು ಈ ಪುಸ್ತಕದ ವಿಷಯದಲ್ಲಿ. ಗ್ರಂಥಾಲಯದ ಕಪಾಟುಗಳಲ್ಲಿ ಹೆಚ್ಚಾಗಿ ಸಿಗುವ 1953ರ ಪಾರ್ಶ್ಲಿ ಅನುವಾದದಲ್ಲಿ ಮೂಲದ ಗಣನೀಯ ಭಾಗಗಳನ್ನು ಕೈಬಿಡಲಾಗಿದೆ, ತತ್ವಶಾಸ್ತ್ರದ ಪರಿಭಾಷೆ ಸಡಿಲವಾಗಿದೆ. 2009ರಲ್ಲಿ ಬಂದ ಬೋರ್ಡ್ ಮತ್ತು ಮಲೊವನಿ-ಷೆವಲಿಯೇ ಅವರ ಅನುವಾದ ಪೂರ್ಣವಾದದ್ದು, ಓದಲು ತುಸು ಒರಟು. ಪೂರ್ಣವಾದದ್ದನ್ನೇ ಆರಿಸಿಕೊಳ್ಳಿ, ಇಡೀ ಗ್ರಂಥಕ್ಕೆ ಸಮಯವಿಲ್ಲದಿದ್ದರೆ ಪೀಠಿಕೆ ಮತ್ತು ಬಾಲ್ಯದ ಅಧ್ಯಾಯವನ್ನಾದರೂ ಓದಿ.

ದೈವಭಕ್ತಿಯ ಮನೆಯಲ್ಲಿ ಬೆಳೆದು, ನಂಬಿಕೆ ಎಂದರೆ ನಿಜಕ್ಕೂ ಏನು ಎಂದು ಕೇಳಿಕೊಳ್ಳುತ್ತಿರುವವರಿಗೆ ಮೇಲಿನ ಯಾವುದೂ ಬೇಡ. ಅವರು ನೇರವಾಗಿ ಕೀರ್ಕೆಗಾರ್ಡ್‌ನ ‘ಫಿಯರ್ ಅಂಡ್ ಟ್ರೆಂಬ್ಲಿಂಗ್’ ಹತ್ತಿರ ಹೋಗಬೇಕು. ಬೈಬಲ್ಲಿನ ಅಬ್ರಹಾಮ ದೇವರ ಆಜ್ಞೆಯಂತೆ ಮಗ ಇಸಾಕನನ್ನು ಬಲಿಕೊಡಲು ಬೆಟ್ಟಕ್ಕೆ ಕರೆದೊಯ್ಯುವ ಕಥೆ ಅದರ ವಸ್ತು. ಆರಂಭದಲ್ಲಿಯೇ ಕೀರ್ಕೆಗಾರ್ಡ್ ಆ ಕಥೆಯನ್ನು ನಾಲ್ಕು ಬಗೆಯಾಗಿ ಹೇಳಿ ನೋಡುತ್ತಾನೆ, ನಾಲ್ಕರಲ್ಲಿಯೂ ಏನೋ ಒಂದು ಕೆಡುತ್ತದೆ. ಒಂದರಲ್ಲಿ ಅಬ್ರಹಾಮ ಮಗನ ಮುಂದೆ ಕ್ರೂರಿಯಂತೆ ನಟಿಸುತ್ತಾನೆ, ಮಗ ತಂದೆಯ ಮೇಲೆ ನಂಬಿಕೆ ಕಳೆದುಕೊಂಡರೂ ದೇವರ ಮೇಲಿನ ನಂಬಿಕೆ ಕಳೆದುಕೊಳ್ಳಬಾರದೆಂದು.

ಕನ್ನಡ ಓದುಗರಿಗೆ ಈ ಪುಸ್ತಕದಲ್ಲಿ ಒಂದು ವಿಶೇಷ ಅನುಕೂಲವಿದೆ, ಏಕೆಂದರೆ ನಮ್ಮಲ್ಲಿ ಹೋಲಿಸಿ ನೋಡಲು ಎರಡು ಕಥೆಗಳಿವೆ. ರಾಘವಾಂಕನ ಹರಿಶ್ಚಂದ್ರ ಸುಡುಗಾಡಿನಲ್ಲಿ ಚಂದ್ರಮತಿಯ ಮೇಲೆ ಕತ್ತಿ ಎತ್ತುವಾಗ ಅವನು ಯಾವುದಕ್ಕಾಗಿ ಎತ್ತುತ್ತಿದ್ದಾನೆಂಬುದು ಎಲ್ಲರಿಗೂ ಗೊತ್ತು. ಸತ್ಯವೆಂಬ, ಲೋಕವೆಲ್ಲ ಒಪ್ಪುವ ಮೌಲ್ಯಕ್ಕಾಗಿ. ಇಂಥವನನ್ನು ಕೀರ್ಕೆಗಾರ್ಡ್ ದುರಂತ ನಾಯಕ ಎನ್ನುತ್ತಾನೆ, ನಾಡಿನ ಹಿತಕ್ಕಾಗಿ ಮಗಳನ್ನು ಬಲಿಕೊಟ್ಟ ಗ್ರೀಕರ ಅಗಮೆಮ್ನಾನನ ಸಾಲಿನಲ್ಲಿ ನಿಲ್ಲಿಸುತ್ತಾನೆ. ಜನ ಅವನಿಗಾಗಿ ಅಳಬಲ್ಲರು. ಶಿವಶರಣರ ಸಿರಿಯಾಳನ ಕಥೆ ಅಬ್ರಹಾಮನಿಗೆ ಇನ್ನೂ ಹತ್ತಿರದ್ದು. ಜಂಗಮನಾಗಿ ಬಂದ ಶಿವನಿಗೆ ಮಗ ಚೀಲಾಳನನ್ನೇ ಅಡುಗೆ ಮಾಡಿ ಬಡಿಸಬೇಕಾದಾಗ ಯಾವ ಲೋಕನೀತಿಯೂ ಅದನ್ನು ಸಮರ್ಥಿಸದು. ಆದರೆ ಅಲ್ಲಿ ಸಿರಿಯಾಳ ಒಬ್ಬಂಟಿಯಲ್ಲ, ಹೆಂಡತಿ ಚಂಗಳೆ ಅವನ ಜೊತೆಗಿದ್ದಾಳೆ, ಇಬ್ಬರೂ ತಿಳಿದು ಮಾಡುತ್ತಾರೆ. ಅಬ್ರಹಾಮ ಹೆಂಡತಿ ಸಾರಳಿಗೂ ಹೇಳುವುದಿಲ್ಲ, ಮಗನಿಗೂ ಹೇಳುವುದಿಲ್ಲ. ಹೇಳಿದರೂ ಯಾವ ಭಾಷೆಯಲ್ಲಿ ಹೇಳಬಹುದು? ಕೀರ್ಕೆಗಾರ್ಡ್ ಒಂದು ಇಡೀ ಅಧ್ಯಾಯವನ್ನು ಆ ಮೌನಕ್ಕೆ ಮೀಸಲಿಟ್ಟಿದ್ದಾನೆ. ಈ ಎರಡು ಕಥೆಗಳನ್ನು ಬಲ್ಲವರು ಆ ಅಧ್ಯಾಯವನ್ನು ಓದುವಾಗ, ಸಮುದಾಯದೊಳಗಿನ ಭಕ್ತಿಗೂ ಅವನು ಹೇಳುವ ಒಂಟಿ ನಂಬಿಕೆಗೂ ಇರುವ ಅಂತರ ಸ್ಪಷ್ಟವಾಗಿ ತೋರುತ್ತದೆ. ಅಲಸ್ಟೇರ್ ಹ್ಯಾನೆಯ ಅನುವಾದ ಓದಲು ಸಲೀಸಾದದ್ದು.

ಕಮೂವಿನ ‘ದಿ ಮಿಥ್ ಆಫ್ ಸಿಸಿಫಸ್’ ಅನ್ನು ಇದರ ಎದುರಿಗಿಟ್ಟು ಓದಬೇಕು. ಜಗತ್ತಿನಿಂದ ಅರ್ಥವನ್ನು ಕೇಳುವ ಮನುಷ್ಯ ಒಂದು ಕಡೆ, ಉತ್ತರ ಕೊಡದ ಜಗತ್ತು ಇನ್ನೊಂದು ಕಡೆ. ಇವೆರಡರ ಮುಖಾಮುಖಿಯೇ ಅಸಂಗತ ಎನ್ನುವ ಕಮೂ, ಕೀರ್ಕೆಗಾರ್ಡ್ ಆ ಕಂದಕವನ್ನು ನಂಬಿಕೆಯಿಂದ ಹಾರಿಬಿಟ್ಟ ಎಂದು ಆಕ್ಷೇಪಿಸುತ್ತಾನೆ. ಮತ್ತೆ ಮತ್ತೆ ಕೆಳಗುರುಳುವ ಬಂಡೆಯನ್ನು ಬೆಟ್ಟದ ಮೇಲಕ್ಕೆ ಎಂದೆಂದಿಗೂ ಉರುಳಿಸುವ ಶಿಕ್ಷೆ ಪಡೆದ ಗ್ರೀಕ್ ಪುರಾಣದ ಸಿಸಿಫಸ್ ಬರುವುದು ಕೊನೆಯ ಕೆಲವೇ ಪುಟಗಳಲ್ಲಿ. ಮೊಬೈಲಿನಲ್ಲಿ ಹರಿದಾಡುವ ಸಾಲುಗಳನ್ನು ನೋಡಿ ಇದು ಧೈರ್ಯ ತುಂಬುವ ಪುಸ್ತಕವೆಂದು ತೆಗೆದುಕೊಂಡವರಿಗೆ ಮೊದಲ ಅಧ್ಯಾಯಗಳು ಗಟ್ಟಿಯಾಗಿ, ಕಗ್ಗಂಟಾಗಿ ತೋರುತ್ತವೆ. ಪುಸ್ತಕ ಆರಂಭವಾಗುವುದೇ ಆತ್ಮಹತ್ಯೆಯ ಪ್ರಶ್ನೆಯಿಂದ. ಕಮೂವಿನ ಉತ್ತರ ಬದುಕಿನ ಪರವಾಗಿಯೇ ಇದೆ. ಆದರೂ ಮನಸ್ಸು ಕುಸಿದಿರುವಾಗ ಈ ಪುಸ್ತಕವನ್ನು ಔಷಧಿಯೆಂದು ಓದಬೇಡಿ. ಅಂಥ ಹೊತ್ತಿನಲ್ಲಿ ಹತ್ತಿರದವರೊಡನೆ ಮಾತಾಡಿ, ಇಲ್ಲವೇ ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಕರೆಮಾಡಿ; ಪುಸ್ತಕ ಎಲ್ಲಿಗೂ ಹೋಗುವುದಿಲ್ಲ.

ನೀಷೆಯನ್ನು ಓದಬೇಕೆನ್ನುವವರು ಬಹುತೇಕ ‘ದಸ್ ಸ್ಪೋಕ್ ಜರತುಷ್ಟ್ರ’ ಕೈಗೆತ್ತಿಕೊಳ್ಳುತ್ತಾರೆ, ಅದು ಮೊದಲ ಓದಿಗೆ ಯೋಗ್ಯವಲ್ಲ ಎಂಬುದು ನನ್ನ ದೃಢವಾದ ಅಭಿಪ್ರಾಯ. ಪ್ರವಾದಿಯ ಧಾಟಿಯ ಆ ಮಾತುಗಳು ಹಿಂದಿನ ಕೃತಿಗಳನ್ನು ಬಲ್ಲವರಿಗೆ ಅರ್ಥ ಕೊಡುತ್ತವೆ, ಹೊಸಬರಿಗೆ ಬರೀ ಅಬ್ಬರವನ್ನು ಕೊಡುತ್ತವೆ. 1882ರ ‘ದಿ ಗೇ ಸೈನ್ಸ್’ ಮೇಲು. ಅದರ 125ನೆಯ ತುಣುಕಿನಲ್ಲಿ ಒಬ್ಬ ಹುಚ್ಚ ಹಾಡುಹಗಲಿನಲ್ಲಿ ಕಂದೀಲು ಹಚ್ಚಿಕೊಂಡು ಸಂತೆಗೆ ಬಂದು ದೇವರನ್ನು ಹುಡುಕುತ್ತಿದ್ದೇನೆ ಎನ್ನುತ್ತಾನೆ. ಅವನನ್ನು ನೋಡಿ ನಗುವವರು ಭಕ್ತರಲ್ಲ, ದೇವರನ್ನು ನಂಬದವರು. ನಾವೇ ದೇವರನ್ನು ಕೊಂದೆವು, ಅದರ ಅರ್ಥ ನಿಮಗಿನ್ನೂ ತಲುಪಿಲ್ಲ ಎಂದು ಅವನು ನಂಬದವರಿಗೆ ಹೇಳುತ್ತಿದ್ದಾನೆ. ಇದನ್ನು ನಾಸ್ತಿಕರ ಜಯಘೋಷವೆಂದು ಉದ್ಧರಿಸುವವರು ಆ ಒಂದೂವರೆ ಪುಟವನ್ನು ಪೂರ್ತಿ ಓದಬೇಕು. ಸುಸಂಬದ್ಧವಾದ ವಾದವೇ ಬೇಕೆನ್ನುವವರಿಗೆ ಮೂರು ಪ್ರಬಂಧಗಳ, 1887ರ ‘ಜೀನಿಯಾಲಜಿ ಆಫ್ ಮಾರಲ್ಸ್’ ಇದೆ.

ಹಣ ಖರ್ಚು ಮಾಡದೆ ಓದಬೇಕಾದರೆ ದಾಸ್ತೊವ್‌ಸ್ಕಿಯ 1864ರ ‘ನೋಟ್ಸ್ ಫ್ರಮ್ ಅಂಡರ್‌ಗ್ರೌಂಡ್’ ಸಿಗುತ್ತದೆ. ಕಾನ್‌ಸ್ಟನ್ಸ್ ಗಾರ್ನೆಟ್‌ಳ ಹಳೆಯ ಅನುವಾದ ಅಂತರ್ಜಾಲದಲ್ಲಿ ಉಚಿತವಾಗಿ ಲಭ್ಯ. ಎರಡು ಎರಡಲ ನಾಲ್ಕು ಎಂಬ ಲೆಕ್ಕಕ್ಕೇ ತಲೆಬಾಗಲು ಒಲ್ಲದ ನಲವತ್ತರ ನಿವೃತ್ತ ಗುಮಾಸ್ತನ ಗೊಣಗಾಟದ ಮೊದಲ ಭಾಗ ಸಾಕೆನಿಸಿದರೂ ಎರಡನೆಯ ಭಾಗವನ್ನು ಬಿಡಬೇಡಿ. ಲೀಜಾ ಎಂಬ ಹುಡುಗಿ ಅವನ ಮಾತನ್ನು ನಂಬಿ ಅವನ ಮನೆಗೆ ಬಂದಾಗ ಅವನು ಅವಳನ್ನು ನಡೆಸಿಕೊಳ್ಳುವ ರೀತಿಯನ್ನು ನೋಡಿದ ಮೇಲೆಯೇ ಆ ಗೊಣಗಾಟದ ಬೆಲೆ ತಿಳಿಯುವುದು.

ಮೈಸೂರಿನಲ್ಲಿ ಇನ್ನೊಂದು ಬಗೆಯ ಓದುಗರಿದ್ದಾರೆ. ರಾಧಾಕೃಷ್ಣನ್ ಮತ್ತು ಹಿರಿಯಣ್ಣ ಅವರು ಪಾಠ ಹೇಳಿದ ಊರು ಇದು; ವೇದಾಂತದ ಹಿನ್ನೆಲೆಯಿಂದ ಬಂದು, ಇದೆಲ್ಲ ನಮ್ಮಲ್ಲಿ ಮೊದಲೇ ಇದೆ ಎನ್ನುವ ಹಿರಿಯರು ಇಲ್ಲಿ ಸಹಜವಾಗಿ ಸಿಗುತ್ತಾರೆ. ಅರ್ಜುನನ ವಿಷಾದಕ್ಕೂ ಸಾರ್ತ್ರ್‌ನ ವಿದ್ಯಾರ್ಥಿಯ ತೊಳಲಾಟಕ್ಕೂ ಹೋಲಿಕೆಯಿದೆ, ನಿಜ. ಆದರೆ ಅರ್ಜುನನಿಗೆ ರಥದಲ್ಲಿಯೇ ಉತ್ತರ ಕೊಡುವವನು ಕೂತಿದ್ದ. ಅರಿವಿನ ಹಿಂದೆ ಬದಲಾಗದ ‘ನಾನು’ ಒಂದಿದೆ ಎಂಬುದನ್ನು ಸಾರ್ತ್ರ್ 1936ರಷ್ಟು ಹಿಂದೆಯೇ ನಿರಾಕರಿಸಿದ್ದ. ಇಂಥ ಓದುಗರಿಗೆ ನಾನು ಸೂಚಿಸುವುದು ಸಾರ್ತ್ರ್‌ನ ಭಾಷಣವನ್ನು ಅನಂತಮೂರ್ತಿಯವರ ‘ಸಂಸ್ಕಾರ’ದ ಜೊತೆಗಿಟ್ಟು ಓದುವುದನ್ನು. ಇದೇ ಮೈಸೂರಿನಲ್ಲಿ ಇಂಗ್ಲಿಷ್ ಪಾಠ ಹೇಳಿದವರು 1965ರಲ್ಲಿ ಪ್ರಕಟಿಸಿದ ಆ ಕಾದಂಬರಿಯಲ್ಲಿ ಪ್ರಾಣೇಶಾಚಾರ್ಯರು ಆಚಾರಗೆಟ್ಟ ನಾರಣಪ್ಪನ ಶವಸಂಸ್ಕಾರದ ಪ್ರಶ್ನೆಗೆ ಶಾಸ್ತ್ರಗ್ರಂಥಗಳಲ್ಲಿ ಉತ್ತರ ಸಿಗದೆ ಮಾರುತಿಯ ಗುಡಿಗೆ ಹೋಗಿ ಪ್ರಸಾದದ ಹೂವಿಗಾಗಿ ಕಾಯುತ್ತಾರೆ, ಹೂ ಬೀಳುವುದಿಲ್ಲ. ಲೋಕದಲ್ಲಿ ಸಂಕೇತಗಳಿದ್ದರೂ ಅವುಗಳ ಅರ್ಥವನ್ನು ಹಚ್ಚುವವನು ನಾನೇ ಎಂದು ಸಾರ್ತ್ರ್ ವಾದಿಸುವ ಪುಟಗಳನ್ನು ಈ ಸನ್ನಿವೇಶದ ಪಕ್ಕದಲ್ಲಿಟ್ಟು ನೋಡಿದರೆ, ಮೊದಲೇ ಇತ್ತು ಎನ್ನುವ ಮಾತಿಗಿಂತ ಬಹಳ ಹೆಚ್ಚಿನದು ದೊರೆಯುತ್ತದೆ.

ದಪ್ಪ ಗ್ರಂಥಗಳ ಬಗ್ಗೆ ಸಂಕ್ಷೇಪವಾಗಿ ಹೇಳಿಬಿಡುತ್ತೇನೆ. ಹೈಡೆಗರ್‌ನ 1927ರ ‘ಬೀಯಿಂಗ್ ಅಂಡ್ ಟೈಮ್’ ಅನ್ನು ಗುರುಮುಖವಿಲ್ಲದೆ ಆರಂಭಿಸುವುದು ವ್ಯರ್ಥ. 1933ರಲ್ಲಿ ನಾಜಿ ಪಕ್ಷ ಸೇರಿದವನು ಅದನ್ನು ಬರೆದ ಎಂಬುದನ್ನು ಮರೆಯದೆ ಓದಬೇಕು ಎಂದೂ ನಾನು ನಂಬುತ್ತೇನೆ. ಸಾರ್ತ್ರ್‌ನ 1943ರ ‘ಬೀಯಿಂಗ್ ಅಂಡ್ ನಥಿಂಗ್‌ನೆಸ್’ ಅನ್ನು ಮಾತ್ರ ತುಂಡು ತುಂಡಾಗಿ ಓದಬಹುದು. ಪೀಠಿಕೆಯನ್ನು ಬಿಟ್ಟು ಆತ್ಮವಂಚನೆಯ ಅಧ್ಯಾಯಕ್ಕೆ ಹೋಗಿ: ಅಲ್ಲಿ ಹೋಟೆಲ್ ಮಾಣಿಯೊಬ್ಬ ಮಾಣಿತನವನ್ನೇ ಅತಿಯಾಗಿ ಅಭಿನಯಿಸುತ್ತಾನೆ, ಒಂದಿಷ್ಟು ಹೆಚ್ಚೇ ಚುರುಕಾಗಿ, ಒಂದಿಷ್ಟು ಹೆಚ್ಚೇ ಬಾಗಿ. ಅನಂತರ ‘ನೋಟ’ದ ಭಾಗ: ಬೀಗದ ಕಿಂಡಿಯಲ್ಲಿ ಇಣುಕುತ್ತಿರುವವನಿಗೆ ಪಡಸಾಲೆಯಲ್ಲಿ ಹೆಜ್ಜೆಯ ಸಪ್ಪಳ ಕೇಳಿಸಿದ ಕ್ಷಣದಲ್ಲಿ ಅವನಿಗಾಗುವ ನಾಚಿಕೆಯಿಂದ ಇನ್ನೊಬ್ಬರ ಇರವನ್ನೇ ಸಾರ್ತ್ರ್ ವಿವರಿಸುತ್ತಾನೆ. ಸಾರಾ ರಿಚ್‌ಮಂಡ್‌ಳ 2018ರ ಅನುವಾದ ಸಿಕ್ಕರೆ ಅದನ್ನೇ ಆರಿಸಿಕೊಳ್ಳಿ. ಎಲ್ಲರದನ್ನೂ ಸ್ವಲ್ಪ ಸ್ವಲ್ಪ ನೋಡಬೇಕೆನ್ನುವವರಿಗೆ ವಾಲ್ಟರ್ ಕೌಫ್‌ಮನ್‌ನ 1956ರ ಸಂಕಲನ ಒಳ್ಳೆಯದು, ಆದರೆ ಅದರಲ್ಲಿ ಬೋವಾ ಇಲ್ಲ ಎಂಬುದು ದೊಡ್ಡ ಕೊರತೆ.

ಸರಸ್ವತಿಪುರಂನ ಮನೆಯೊಂದರಲ್ಲೋ ಹಾಸ್ಟೆಲ್ ಕೋಣೆಯಲ್ಲೋ ನಾಲ್ಕೈದು ಜನ ಸೇರಿ ಭಾನುವಾರಗಳಲ್ಲಿ ಓದುವುದಾದರೆ ಮೊದಲು ‘ದಿ ಔಟ್‌ಸೈಡರ್’ ಮುಗಿಸಿ, ಎರಡನೆಯದಾಗಿ ಸಾರ್ತ್ರ್‌ನ ಭಾಷಣವನ್ನು ಗಟ್ಟಿಯಾಗಿ ಓದಿ, ಅಲ್ಲಿ ಎದ್ದ ಆಕ್ಷೇಪಗಳನ್ನೆಲ್ಲ ಬರೆದಿಟ್ಟುಕೊಂಡು ಬೋವಾಳ ‘ದಿ ಎಥಿಕ್ಸ್ ಆಫ್ ಆಂಬಿಗ್ಯುಯಿಟಿ’ಯ ಎರಡನೆಯ ಭಾಗಕ್ಕೆ ಹೋಗಿ. ಗುಂಪಿನಲ್ಲಿ ಭಕ್ತರೂ ನಾಸ್ತಿಕರೂ ಇದ್ದರೆ ಕೀರ್ಕೆಗಾರ್ಡ್‌ನನ್ನು ಆಮೇಲೆ ಸೇರಿಸಿಕೊಳ್ಳಿ, ಅಬ್ರಹಾಮನ ಪಾಠವನ್ನು ಓದುವ ಜವಾಬ್ದಾರಿಯನ್ನು ನಂಬದವರಿಗೂ, ಕಂದೀಲು ಹಿಡಿದ ಹುಚ್ಚನ ಪಾಠವನ್ನು ಓದುವ ಜವಾಬ್ದಾರಿಯನ್ನು ನಂಬುವವರಿಗೂ ವಹಿಸಿ.